ಇಡೀ ಬೀದಿ ತೂಕ ಇಳಿಸಿದ ತಿಂಗಳು

ನಮ್ಮನೆಯವರು ತಕ್ಕಡಿ ರಿಪೇರಿ ಮಾಡುವವರು. ನಲವತ್ತೊಂದು ವರ್ಷದಿಂದ ಅದೇ ಕೆಲಸ. ಮುಂದೆ ಅಂಗಡಿ, ಹಿಂದೆ ಮನೆ, ಎರಡರ ನಡುವೆ ಒಬ್ಬರು ಬಂದರೆ ಇನ್ನೊಬ್ಬರು ಗೋಡೆಗೆ ಒರಗಬೇಕಾದಂಥ ಒಂದು ಹಾದಿ. ಅವರು ಬೆಂಚಿನ ಹಿಂದೆ, ನಾನು ಗಲ್ಲಾದ ಹಿಂದೆ. ಗಿರಾಕಿಗಳ ಹತ್ತಿರ ಜಗಳ ಆಡುವ ಇಲಾಖೆ ನನ್ನದು. ಅವರಿಗೆ ಜೋರಾಗಿ ಮಾತಾಡೋಕೆ ಬರಲ್ಲ, ನನಗೆ ಮೆಲ್ಲಗೆ ಮಾತಾಡೋಕೆ ಬರಲ್ಲ, ಹೇಗೋ ಸಂಸಾರ ಸಾಗಿತು.

ನಮ್ಮ ಅಂಗಡಿಯಲ್ಲಿ ಒಂದು ಪದ್ಧತಿ. ಬೆಳಗ್ಗೆ ಬಾಗಿಲು ತೆಗೆದ ಮೇಲೆ, ಕಸ ಗುಡಿಸುವುದಕ್ಕೂ ಮುಂಚೆ, ಸರ್ಕಾರದ ಮುದ್ರೆ ಇರುವ ಇಪ್ಪತ್ತು ಕಿಲೋ ತೂಕದ ಕಬ್ಬಿಣದ ಬಟ್ಟನ್ನು ಅಲ್ಲಿರುವ ಪ್ರತಿಯೊಂದು ತಕ್ಕಡಿಯ ಮೇಲೂ ಇಟ್ಟು ನೋಡಬೇಕು. ಮುಳ್ಳು ಇಪ್ಪತ್ತಕ್ಕೆ ನಿಂತರೆ ಸರಿ, ಕೂದಲೆಳೆ ಆಚೀಚೆ ಆದರೂ ಆ ತಕ್ಕಡಿ ವಾಪಸ್ ಬೆಂಚಿಗೆ. ಒಮ್ಮೆ ಒಬ್ಬ ದಿನಸಿ ಅಂಗಡಿಯವನು ಬಂದು, ವ್ಯಾಪಾರ ಜೋರಿರೋ ಸಮಯ, ಒಂದೇ ಒಂದು ವಾರಕ್ಕೆ ಸ್ಕ್ರೂ ಒಂಚೂರು ತಿರುಗಿಸಿಕೊಡಿ, ಆಮೇಲೆ ನಾನೇ ತಂದು ಸರಿ ಮಾಡಿಸಿಕೊಳ್ತೀನಿ ಅಂದ. ನಮ್ಮನೆಯವರು ತುಟಿ ಪಿಟಕ್ಕೆನ್ನದೆ ಅವನ ತಕ್ಕಡಿ ಎತ್ತಿಕೊಂಡು ಹೋಗಿ ರಸ್ತೆ ಮಧ್ಯೆ ಇಟ್ಟು ಬಂದರು. ಊಟಕ್ಕೆ ಕೂತಾಗ ಮಾತ್ರ, ಒಂದು ವಾರ ಅಂತ ತಿರುಗಿಸಿದ ಸ್ಕ್ರೂ ಯಾವತ್ತಾದರೂ ವಾಪಸ್ ತಿರುಗಿದ್ದು ನೋಡಿದ್ದೀಯಾ ಅಂತ ನನ್ನನ್ನು ಕೇಳಿದರು. ನಾನು ನೋಡಿರಲಿಲ್ಲ.

ಇಂಥ ಮನುಷ್ಯನ ಹೃದಯ ಕೆಟ್ಟಿತು. ಮೊದಮೊದಲು ಅಂಗಡಿಯ ಮೂರು ಮೆಟ್ಟಿಲು ಹತ್ತಿದರೆ ನಿಂತು ಯಾರನ್ನೋ ಹುಡುಕುವವರ ಹಾಗೆ ರಸ್ತೆ ನೋಡುತ್ತಿದ್ದರು. ಯಾರನ್ನೂ ಹುಡುಕುತ್ತಿರಲಿಲ್ಲ, ಉಸಿರು ಹುಡುಕುತ್ತಿದ್ದರು. ಆಮೇಲೆ ಮಲಗಿದರೆ ಕೆಮ್ಮು, ಒಂದು ದಿಂಬು ಎರಡಾಯಿತು, ಎರಡು ಮೂರಾಯಿತು. ಕೊನೆಗೆ ಒಂಬತ್ತು ದಿನ ಆಸ್ಪತ್ರೆ. ಹೃದಯದ ಡಾಕ್ಟರಮ್ಮ ನನ್ನ ಮಗಳ ವಯಸ್ಸಿನವರು, ಮಾತು ಮಾತ್ರ ನನ್ನ ಅತ್ತೆಯದು. ಇದು ಹಾರ್ಟ್ ಫೇಲ್ಯೂರ್, ಹೃದಯ ರಕ್ತ ತಳ್ಳುವ ಶಕ್ತಿ ಮೂವತ್ತಕ್ಕೆ ಇಳಿದಿದೆ ಅಂದರು.

ನನ್ನ ತಮ್ಮ ಡ್ರೈವಿಂಗ್ ಸ್ಕೂಲಿನಲ್ಲಿ ಕಲಿಸುತ್ತಾನೆ. ಅವನು ನಡುವೆ ಬಾಯಿ ಹಾಕಿ, ಮೂವತ್ತು ಅಂದರೆ ಎಷ್ಟಕ್ಕೆ ಅಂತ ಕೇಳಿದ. ಆರೋಗ್ಯವಂತರಿಗೂ ಅರವತ್ತೇ ಇರೋದು ಅಂತ ಡಾಕ್ಟರಮ್ಮ ಹೇಳಿದ್ದೇ ತಪ್ಪಾಯಿತು. ಅರವತ್ತಕ್ಕೆ ಮೂವತ್ತು, ಐವತ್ತು ಪರ್ಸೆಂಟು, ಭಾವ ಪಾಸು ಅಂತ ಬಂಧುಬಳಗಕ್ಕೆಲ್ಲ ಫೋನ್ ಮಾಡಿದ. ಅತ್ತ ಹಾರ್ಟ್ ಫೇಲ್ ಅಂತ ಕೇಳಿ ಕೊನೇ ಸಲ ಮುಖ ನೋಡೋಕೆ ಓಡಿಬಂದವರು, ಮಂಚದ ಮೇಲೆ ಕೂತು ಪೇಪರ್ ಓದುತ್ತಿದ್ದ ಮನುಷ್ಯನನ್ನು ಕಂಡು ಪೆಚ್ಚಾದರು. ಫೇಲ್ ಆಗಿದ್ದರೆ ಕೂತಿರೋದು ಹೇಗೆ ಅಂತ ಒಬ್ಬರು ನನ್ನನ್ನೇ ದಬಾಯಿಸಿ ಕೇಳಿದರು, ನಾನೇನೋ ಸುಳ್ಳು ಹೇಳಿ ಅವರ ಬಸ್ ಚಾರ್ಜು ದಂಡ ಮಾಡಿಸಿದ ಹಾಗೆ. ಹೃದಯ ನಿಂತಿಲ್ಲ, ಸುಸ್ತಾಗಿದೆ, ಇನ್ನು ಮೇಲೆ ಜೀವನಪೂರ್ತಿ ಅದನ್ನು ನೋಡಿಕೊಂಡು ಬಾಳಬೇಕು ಅಂತ ಎಷ್ಟು ಜನಕ್ಕೆ ಹೇಳೋದು. ಹೇಳಿ ಹೇಳಿ ನನ್ನ ಹೃದಯವೇ ಸುಸ್ತಾಯಿತು.

ವಿಮೆಯವರು ಕಾಗದ ಬರೆದರು. ಈ ಕಾಯಿಲೆ ನಮ್ಮ ಪಾಲಿಸಿ ಶುರುವಾಗುವುದಕ್ಕೆ ಮೊದಲೇ ಇತ್ತು, ದುಡ್ಡು ಕೊಡಲಾಗುವುದಿಲ್ಲ. ಹೃದಯವೂ ಮೊದಲೇ ಇತ್ತು, ಅದನ್ನೂ ಸೇರಿಸಿ ಬರೆಯಬಹುದಿತ್ತು. ಸಂತೆಗಳಿಗೆ ಹೋಗಿ ತಕ್ಕಡಿ ರಿಪೇರಿ ಮಾಡುತ್ತಿದ್ದ ನಮ್ಮ ವ್ಯಾನು ಆ ಬಿಲ್ಲಿಗೆ ಹೋಯಿತು. ಹೇಗೂ ವ್ಯಾನು ಹತ್ತಿ ಓಡಿಸೋಕೆ ಅವರಿಂದ ಆಗುತ್ತಿರಲಿಲ್ಲ ಅಂತ ನಾನೇ ಸಮಾಧಾನ ಹೇಳಿಕೊಂಡೆ.

ಮನೆಗೆ ಕಳಿಸುವಾಗ ಡಾಕ್ಟರಮ್ಮ ಕೂರಿಸಿಕೊಂಡು ಪಾಠ ಹೇಳಿದರು. ದಿನಕ್ಕೆ ಒಂಬತ್ತು ಮಾತ್ರೆ. ಉಪ್ಪು ಲೆಕ್ಕದ್ದು. ನೀರು, ಕಾಫಿ, ಸಾರು ಎಲ್ಲ ಸೇರಿ ಒಂದೂವರೆ ಲೀಟರ್, ಅದರ ಮೇಲೆ ಒಂದು ಗುಟುಕಿಲ್ಲ. ಎಲ್ಲಕ್ಕಿಂತ ಮುಖ್ಯ, ದಿನಾ ಬೆಳಗ್ಗೆ ಬರಿ ಹೊಟ್ಟೆಯಲ್ಲಿ ತೂಕ ನೋಡಿ ಬರೆದಿಡಬೇಕು. ಸುಸ್ತಾದ ಹೃದಯ ನೀರು ಹೊರಗೆ ಹಾಕೋಕಾಗದೆ ಮೈಯಲ್ಲೇ ನಿಲ್ಲಿಸಿಕೊಳ್ಳುತ್ತದಂತೆ, ಅದು ಕಾಲಿಗೆ, ಹೊಟ್ಟೆಗೆ, ಆಮೇಲೆ ಶ್ವಾಸಕೋಶಕ್ಕೆ ಏರುತ್ತದಂತೆ. ಇವರ ತೂಕ ಅರವತ್ತೈದು, ಅದು ಅರವತ್ತೇಳಾದರೆ ಅವತ್ತೇ ಫೋನ್ ಮಾಡಿ, ಊದಿಕೊಂಡ ಮೇಲೆ ತಂದರೆ ಮನೆಗೆ ವಾಪಸ್ ಕಳಿಸ್ತೀನಿ ಅನ್ನೋ ಭರವಸೆ ನಾನು ಕೊಡಲ್ಲ ಅಂದರು. ನಾನು ಅರವತ್ತೇಳು ಅಂತ ಅಂಗೈ ಮೇಲೆ ಬರೆದುಕೊಂಡೆ.

ನಮ್ಮನೆಯವರ ಮುಖ ಮಾತ್ರ ಅರಳಿತು. ಇಷ್ಟು ದೊಡ್ಡ ಆಸ್ಪತ್ರೆ ಕೊನೆಗೂ ಒಂದು ತಕ್ಕಡಿಯ ಮೇಲೆ ನಿಂತಿದೆ ಅಂತ ಅವರಿಗೆ ಖುಷಿ. ಬ್ಯಾಟರಿ ಹಾಕುವ ಯಂತ್ರ ತರೋಣ ಅಂದರೆ ಮೂಗು ಮುರಿದರು. ಅಂಗಡಿಯ ಮೂಲೆಯಲ್ಲಿದ್ದ ಹಳೇ ಯಂತ್ರ ಬಿಚ್ಚಿ, ಸ್ಪ್ರಿಂಗ್ ಬದಲಾಯಿಸಿ, ದೊಡ್ಡ ಗಡಿಯಾರದಂಥ ಮುಖ ಕೂರಿಸಿ, ನಡುವಿನ ಹಾದಿಯಲ್ಲಿ ಇಟ್ಟರು. ಮೊದಲ ದಿನ ಬಟ್ಟು ಇಟ್ಟು ನೋಡಿದೆವು, ಸರಿಯಾಗಿ ಇಪ್ಪತ್ತು. ಆಮೇಲೆ ನಾನು ಆ ಯಂತ್ರದ ಮೇಲೆ ಬಟ್ಟು ಇಡಲಿಲ್ಲ. ಬೇರೆ ಮನೆಯವರಾಗಿದ್ದರೆ ಎಲ್ಲೋ ಅಗ್ಗದ ಯಂತ್ರ ತಂದು ದಿನಾ ಅನುಮಾನ ಪಡುತ್ತಿದ್ದರು. ನಾವು ತಕ್ಕಡಿಯವರು ನೋಡಿ. ಅವರ ಕೈಯಿಂದ ಹೊರಟ ತಕ್ಕಡಿಯನ್ನು ಅವರ ಕಣ್ಣೆದುರೇ ಪರೀಕ್ಷೆ ಮಾಡೋದು ಅಂದರೆ ಕೆನ್ನೆಗೆ ಹೊಡೆದ ಹಾಗೆ ಅಂತ ನಾನೇ ಅಂದುಕೊಂಡೆ.

ಅಲ್ಲಿಂದ ದಿನಾ ಬೆಳಗ್ಗೆ ಅವರು ಹತ್ತಿ ನಿಲ್ಲೋದು, ನಾನು ಬಗ್ಗಿ ಮುಳ್ಳು ನೋಡೋದು, ಡೈರಿಯಲ್ಲಿ ಬರೆಯೋದು. ಮೂರು ತಿಂಗಳಾದ ಮೇಲೆ ಒಂದು ದಿನ ಮುಳ್ಳು ಅರವತ್ತೇಳಕ್ಕೆ ಬಂತು. ಫೋನ್ ಮಾಡಿದೆ, ಐದು ದಿನ ಸೇರಿಸಿಕೊಂಡು ಇಂಜೆಕ್ಷನ್ ಕೊಟ್ಟು ನೀರು ತೆಗೆದರು. ಆ ಐದು ದಿನ ನಾನು ಕಾರಿಡಾರಿನ ಪ್ಲಾಸ್ಟಿಕ್ ಕುರ್ಚಿಯಲ್ಲೇ ಇದ್ದೆ, ಎದ್ದಾಗ ಸೊಂಟ ನನ್ನ ಜೊತೆ ಏಳಲಿಲ್ಲ. ಅಂಗಡಿಯ ಅರ್ಧ ಭಾಗ ಮೊಬೈಲ್ ಕವರ್ ಮಾರುವವನಿಗೆ ಬಾಡಿಗೆಗೆ ಹೋಯಿತು. ನಮ್ಮನೆಯವರು ನಾನು ಸೊಂಟ ಹಿಡಿದುಕೊಂಡು ನಡೆಯೋದನ್ನು ನೋಡುತ್ತಿದ್ದರು, ಅಷ್ಟೇ.

ಆಮೇಲೆ ಬಂತು ನೋಡಿ ಒಳ್ಳೇ ತಿಂಗಳು. ನನ್ನ ತಂಗಿಯ ಮಗಳ ಮದುವೆ. ಹೋಗಲೋ ಬೇಡವೋ ಅಂತ ವಾರವಿಡೀ ಒದ್ದಾಡಿ, ಬೆಳಗ್ಗೆ ಮುಳ್ಳು ಅರವತ್ತೈದಕ್ಕೆ ನಿಂತಿದ್ದು ನೋಡಿಕೊಂಡು ಒಬ್ಬಳೇ ಬಸ್ಸು ಹತ್ತಿದೆ. ಮದುವೆಯಲ್ಲಿ ನಾನು ನಕ್ಕಿದ್ದು ನೋಡಿ ತಂಗಿ, ಅಕ್ಕಾ ನಿನಗೆ ಹಲ್ಲಿರೋದೇ ಮರೆತುಹೋಗಿತ್ತು ಅಂದಳು. ವಾಪಸ್ ಬಂದ ಮೇಲೂ ಅರವತ್ತೈದು. ಮರುವಾರವೂ ಅರವತ್ತೈದು. ಆಸ್ಪತ್ರೆಯಿಂದ ಸೋಮವಾರ ಸೋಮವಾರ ಒಬ್ಬಳು ಫೋನ್ ಮಾಡಿ ತೂಕ ಕೇಳುತ್ತಿದ್ದಳು. ಅರವತ್ತೈದು ಅಂದರೆ ವೆರಿ ಗುಡ್ ಅಂತ ಇಟ್ಟುಬಿಡುವಳು. ಒಂದು ಸಲ ಅವಳು ಇಡೋದರೊಳಗೆ, ಕಾಲು ಯಾಕೋ ದಪ್ಪ ಕಾಣುತ್ತೆ ಅಂದೆ. ತೂಕ ಏರಿಲ್ಲ ತಾನೇ, ಹಾಗಾದರೆ ವಯಸ್ಸಿನದು ಇರುತ್ತೆ ಅಂದಳು. ಅವಳನ್ನು ಯಾಕೆ ಬೈಯಲಿ. ಚಪ್ಪಲಿ ಹಿಡಿಯುತ್ತಿಲ್ಲ, ಬಿಸಿಲಿಗೆ ಕುಗ್ಗಿದೆ ಅಂತ ನಮ್ಮನೆಯವರು ಒಂದು ನಂಬರ್ ದೊಡ್ಡದು ತಂದಾಗ ನಾನೂ ಹೌದು ಅಂದೆ. ಕುರ್ಚಿಯಲ್ಲಿ ಕೂತೇ ನಿದ್ದೆ ಮಾಡೋಕೆ ಶುರುಮಾಡಿದಾಗಲೂ, ಮೊದಲಿಂದ ಟಿವಿ ಮುಂದೆ ಹಾಗೇ ತಾನೇ ಅಂದುಕೊಂಡೆ. ಕಣ್ಣಿಗಿಂತ ಮುಳ್ಳನ್ನು ನಂಬಿ ಬದುಕಿದ ಜನ ನಾವು.

ಅದೂ ಅಲ್ಲದೆ ನನ್ನ ತಲೆ ಆಗ ಬೇರೆ ಕಡೆ ಇತ್ತು. ನಾಚಿಕೆ ಬಿಟ್ಟು ಹೇಳುತ್ತೇನೆ, ನಾನು ತೆಳ್ಳಗಾಗುತ್ತಿದ್ದೆ. ಅವರು ಇಳಿದ ಮೇಲೆ ನಾನೂ ಒಮ್ಮೆ ಹತ್ತಿ ನೋಡುತ್ತಿದ್ದೆ. ಎಪ್ಪತ್ತೆರಡು ಇದ್ದದ್ದು ಎಪ್ಪತ್ತೊಂದಾಯಿತು, ಎಪ್ಪತ್ತಾಯಿತು, ಅರವತ್ತೆಂಟಾಯಿತು. ಉಪ್ಪು ಕಡಿಮೆ ತಿನ್ನೋ ಪುಣ್ಯ ನನಗೂ ಹತ್ತಿತು ಅಂದುಕೊಂಡೆ. ಎದುರುಮನೆಯ ರಿಟೈರ್ಡ್ ಟೀಚರಮ್ಮನಿಗೆ ಹೇಳದೆ ಇರೋಕಾಗುತ್ತಾ. ಅವರೂ ಬಂದು ಹತ್ತಿದರು. ಎಂಬತ್ತೆರಡು ಕಿಲೋ ಅಂತ ಹತ್ತು ವರ್ಷದಿಂದ ಕೊರಗುತ್ತಿದ್ದ ಹೆಂಗಸು, ಎಪ್ಪತ್ತೊಂಬತ್ತು ಕಂಡು ನನ್ನ ಕೈ ಹಿಡಿದುಕೊಂಡರು. ಮುಂದಿನ ವಾರ ಎಪ್ಪತ್ತೇಳು. ಸುದ್ದಿ ಬೀದಿಗೆ ಹಬ್ಬಿತು.

ಆಮೇಲೆ ನಮ್ಮ ಹಾದಿಯಲ್ಲಿ ಸಾಲು. ಒಬ್ಬರು ಬೆಳಗಿನ ವಾಕಿಂಗಿನಿಂದ ಇಳಿದೆ ಅಂದರು, ಒಬ್ಬರು ಸಕ್ಕರೆ ಬಿಟ್ಟಿದ್ದಕ್ಕೆ, ಇನ್ನೊಬ್ಬರು ಏನೂ ಮಾಡದೆ ಇದ್ದದ್ದಕ್ಕೆ. ಮೂಲೆಮನೆಯಲ್ಲಿ ವ್ಯಾಯಾಮದ ಕ್ಲಾಸು ನಡೆಸುವವಳು ಶಿಷ್ಯೆಯರನ್ನು ವಾರಕ್ಕೊಮ್ಮೆ ಇಲ್ಲಿಗೇ ಕರೆದುಕೊಂಡು ಬರುತ್ತಿದ್ದಳು. ತಿಂಗಳಿಗೆ ಐದು ಕಿಲೋ ಗ್ಯಾರಂಟಿ ಅಂತ ಬೋರ್ಡು ಹಾಕಿದಳು. ವಾರದಿಂದ ವಾರಕ್ಕೆ ಇಡೀ ಬೀದಿ ಇಳಿಯುತ್ತಿತ್ತು. ಹಾಕಿಕೊಂಡ ಬಟ್ಟೆ ಮೊದಲಿನಷ್ಟೇ ಬಿಗಿ ಇದೆಯಲ್ಲ ಅಂತ ಯಾರೂ ಕೇಳಲಿಲ್ಲ. ನಾನೂ ಕೇಳಲಿಲ್ಲ. ನಮ್ಮನೆಯವರು ಮಾತ್ರ ಸಿಡಿಮಿಡಿ ಅನ್ನುತ್ತಿದ್ದರು, ಎಲ್ಲರನ್ನೂ ಹತ್ತಿಸಬೇಡ, ಸ್ಪ್ರಿಂಗ್ ಸೋಲುತ್ತೆ ಅಂತ. ಇವರಿಗೆ ನಾಲ್ಕು ಜನರ ಸಂತೋಷ ಕಂಡರಾಗಲ್ಲ ಅಂತ ನಾನು ಮುಖ ಊದಿಸಿಕೊಂಡೆ.

ಇಡೀ ಬೀದಿಯಲ್ಲಿ ಅತ್ತವನು ಒಬ್ಬನೇ, ಪಕ್ಕದ ಅಂಗಡಿಯ ಟೈಲರ್. ಎಲ್ಲರೂ ಕಡ್ಡಿ ಟೈಲರ್ ಅನ್ನುತ್ತಾರೆ, ಅಷ್ಟು ಸಣ್ಣ. ಪಾಪ, ಮೈ ಹತ್ತಲಿ ಅಂತ ಹಾಲು ಮೊಟ್ಟೆ ತಿನ್ನುತ್ತಿದ್ದ. ಅವನು ಆ ಯಂತ್ರ ಹತ್ತಿದರೆ ವಾರಕ್ಕೊಂದು ಕಿಲೋ ಇಳಿಯುತ್ತಿತ್ತು. ಒಂದು ದಿನ ಬಂದು ಹತ್ತಿದ, ನಲವತ್ತನಾಲ್ಕೂ ಚಿಲ್ಲರೆ. ಸ್ಟೂಲಿನ ಮೇಲೆ ಕುಸಿದು ಕೂತು, ನನಗೇನೋ ದೊಡ್ಡ ರೋಗ ಬಂದಿದೆ ಅಕ್ಕ, ಹೊಲಿಗೆ ಮಿಷನ್ನು ತಮ್ಮನಿಗೆ ಅಂತ ಹೇಳಿಬಿಟ್ಟಿದ್ದೀನಿ ಅಂತ ಕಣ್ಣೊರೆಸಿಕೊಂಡ. ನಿನ್ನೆ ಕ್ಲಿನಿಕ್ಕಿನಲ್ಲಿ ನೋಡಿದಾಗ ನಲವತ್ತೆಂಟಿತ್ತು, ಒಂದೇ ದಿನಕ್ಕೆ ಇಷ್ಟು ಕರಗಿದೆ ಅಂದ.

ನನಗೆ ಎಲ್ಲಿಲ್ಲದ ಸಿಟ್ಟು ಬಂತು. ಅವನ ರೋಗಕ್ಕಲ್ಲ, ಕ್ಲಿನಿಕ್ಕಿನ ಮೇಲೆ. ಒಂದು ನೆಟ್ಟಗಿನ ತಕ್ಕಡಿ ಇಡೋಕಾಗದವರು ರೋಗ ಏನು ನೋಡುತ್ತಾರೆ, ನಮ್ಮನೆಯವರ ಕೈಯ ತಕ್ಕಡಿ ಸುಳ್ಳು ಹೇಳುತ್ತಾ ಅಂತ ಅವನಿಗೆ ಹಿಗ್ಗಾಮುಗ್ಗಾ ಬೈದೆ. ಹೋಗು, ಅಂಗಡಿಯಿಂದ ಇಪ್ಪತ್ತರ ಬಟ್ಟು ತಗೊಂಡು ಬಾ, ಈಗಲೇ ತೋರಿಸ್ತೀನಿ ಅಂದೆ. ಪಾಪದವನು ಏದುಸಿರು ಬಿಡುತ್ತಾ ಹೊತ್ತು ತಂದು ಇಟ್ಟ.

ಮುಳ್ಳು ಎದ್ದಿತು, ನಡುಗಿತು, ಹದಿನೆಂಟೂವರೆಗೆ ನಿಂತಿತು.

ನಾನು ಯಂತ್ರದ ಮುಖಕ್ಕೆ ತಟ್ಟಿದೆ. ಹದಿನೆಂಟೂವರೆ. ಇನ್ನೊಂದು ಬಟ್ಟು ತರಿಸಿ ಮೇಲೆ ಇಟ್ಟೆ. ನಲವತ್ತಾಗಬೇಕಾದ್ದು ಮೂವತ್ತೇಳು. ಯಂತ್ರ ಮಗುಚಿ ನೋಡಿದೆ. ಸ್ಪ್ರಿಂಗಿನ ಹತ್ತಿರದ ಸ್ಕ್ರೂ ಮೇಲೆ ಧೂಳಿಲ್ಲ, ದಿನಾ ಸ್ಕ್ರೂಡ್ರೈವರ್ ತಾಗಿ ಬೆಳ್ಳಗೆ ಮಿಂಚುತ್ತಿತ್ತು. ಖಾಲಿ ಇದ್ದಾಗ ಮುಳ್ಳು ಸೊನ್ನೆ ಬಿಟ್ಟು ಕದಲದ ಹಾಗೆ, ಭಾರ ಬಿದ್ದಾಗ ಮಾತ್ರ ಕಡಿಮೆ ತೋರಿಸುವ ಹಾಗೆ ತಿರುಗಿಸೋದು ಎಲ್ಲರಿಗೂ ಬರೋ ವಿದ್ಯೆಯಲ್ಲ. ಆ ಕೈ ಯಾರದು ಅಂತ ನನಗೆ ಯಾರೂ ಹೇಳಬೇಕಾಗಿರಲಿಲ್ಲ. ಲೆಕ್ಕ ತಾನಾಗೇ ತಲೆಯಲ್ಲಿ ಆಯಿತು. ಈ ಯಂತ್ರದಲ್ಲಿ ಅರವತ್ತೈದು ಅಂದರೆ ನಿಜದಲ್ಲಿ ಎಪ್ಪತ್ತೂ ಕಾಲು. ಅವರ ಮೈಯಲ್ಲಿ ಐದು ಕಿಲೋ ನೀರು. ಅಲ್ಲೇ ನನ್ನ ಪಕ್ಕ ಟೈಲರ್, ಹಾಗಾದರೆ ನಾನು ನಲವತ್ತೆಂಟೇ ಅಲ್ವಾ ಅಕ್ಕ ಅಂತ ಕುಣಿಯುತ್ತಾ, ಬೀದಿಗೆಲ್ಲ ಹೇಳೋಕೆ ಓಡಿದ.

ನಮ್ಮನೆಯವರು ಬೆಂಚಿನ ಹಿಂದೆ ಕುರ್ಚಿಯಲ್ಲಿ ಕೂತೇ ತೂಕಡಿಸುತ್ತಿದ್ದರು. ಕಾಲು ಸ್ಟೂಲಿನ ಮೇಲಿತ್ತು. ಈಗ ನೋಡಿದೆ ನಾನು ಆ ಕಾಲನ್ನು, ಒಂದು ತಿಂಗಳಾದ ಮೇಲೆ. ಬೆರಳಿಂದ ಒತ್ತಿದರೆ ಒತ್ತಿದ ಗುಳಿ ಹಾಗೇ ಉಳಿಯಿತು. ಅವರು ಕಣ್ಣು ಬಿಟ್ಟು ನನ್ನ ಕೈ ನೋಡಿದರು, ಆಮೇಲೆ ಹಾದಿಯಲ್ಲಿ ಮಗುಚಿ ಬಿದ್ದ ಯಂತ್ರ ನೋಡಿದರು.

"ಯಾವತ್ತಿಂದ?" ಅಂದೆ.

"ಮದುವೆ ದಿನದಿಂದ." ಎರಡು ಉಸಿರು ಎಳೆದುಕೊಂಡರು. "ಅವತ್ತು ಅರವತ್ತಾರಿತ್ತು. ನೀನು ಹೋಗ್ತಿರ್ಲಿಲ್ಲ. ಒಂದೇ ಒಂದು ದಿನಕ್ಕೆ ಅಂತ ತಿರುಗಿಸಿದೆ."

ಆ ದಿನಸಿ ಅಂಗಡಿಯವನೂ ಇದನ್ನೇ ಹೇಳಿದ್ದ, ಅವನ ತಕ್ಕಡೀನ ರಸ್ತೆಗೆ ಇಟ್ಟಿರಲ್ಲ, ಈಗ ನಿಮ್ಮನ್ನ ಎಲ್ಲಿ ಇಡಲಿ ಅಂತ ಕೂಗಿದೆ. ಮೊಬೈಲ್ ಕವರ್‌ನವನು ಇಣುಕಿ ನೋಡಿ ತಲೆ ಒಳಗೆ ಎಳೆದುಕೊಂಡ. ಅವರು ಕಾಲು ನೋಡಿಕೊಂಡೇ ಉಳಿದದ್ದು ಹೇಳಿದರು. ಮರುದಿನ ವಾಪಸ್ ತಿರುಗಿಸೋಣ ಅಂದರೆ ಮುಳ್ಳು ಇನ್ನೂ ಮೇಲೆ ಹೋಗುತ್ತಿತ್ತಂತೆ, ಹಾಗಾಗಿ ಇನ್ನೊಂಚೂರು, ಅದರ ಮರುದಿನ ಇನ್ನೊಂಚೂರು. ನಾನು ಒಲೆ ಹಚ್ಚುವ ಹೊತ್ತಿಗೆ ಅವರು ಹಾದಿಯಲ್ಲಿ ಬಗ್ಗಿ ಕೂತು ನನಗೋಸ್ಕರ ಅರವತ್ತೈದು ತಯಾರು ಮಾಡುತ್ತಿದ್ದರು.

"ದುಡ್ಡಿಗಾ?" ಅಂದೆ. "ಅಂಗಡಿಯ ಇನ್ನರ್ಧಾನೂ ಹೋಗುತ್ತೆ ಅಂತಾನಾ?"

"ಅದೂ ಇದೆ." ಸ್ಟೂಲಿನ ಮೇಲಿದ್ದ ಕಾಲು ಕೆಳಗಿಳಿಸಿದರು. "ದಿನಾ ಬೆಳಗ್ಗೆ ನೀನು ಮುಳ್ಳು ನೋಡ್ತೀಯ. ನಾನು ಅಲ್ಲಿ ನಿಂತು ನಿನ್ನ ಮುಖ ನೋಡ್ತೀನಿ. ಆ ಮುಖ ನನ್ನ ಕೈಲಿ ನೋಡೋಕಾಗ್ಲಿಲ್ಲ ಕಣೇ."

ನನಗೆ ಅವರ ಕಪಾಳಕ್ಕೆ ಬಾರಿಸಬೇಕು ಅನ್ನಿಸಿತು, ಅವರನ್ನು ತಬ್ಬಿಕೊಂಡು ಅಳಬೇಕು ಅಂತಲೂ ಅನ್ನಿಸಿತು. ಎರಡಕ್ಕೂ ಟೈಮಿರಲಿಲ್ಲ. ತಮ್ಮನಿಗೆ ಫೋನ್ ಮಾಡಿ ಡ್ರೈವಿಂಗ್ ಸ್ಕೂಲಿನ ಕಾರು ತರಿಸಿದೆ. ಎಲ್ ಬೋರ್ಡು ಹಾಕಿದ ಕಾರು ಅಷ್ಟು ಜೋರಾಗಿ ಹೋದದ್ದು ಅವತ್ತೇ ಇರಬೇಕು.

ಆಸ್ಪತ್ರೆಯ ತಕ್ಕಡಿಯಲ್ಲಿ ಎಪ್ಪತ್ತೂವರೆ. ಡಾಕ್ಟರಮ್ಮ ಡೈರಿ ತೆಗೆದು ನೋಡಿದರು. ಸಾಲಾಗಿ ಮೂವತ್ತು ದಿನ ಅರವತ್ತೈದು, ಮುದ್ದಾದ ಅಕ್ಷರದಲ್ಲಿ. ಇದನ್ನು ಬರೆದವರು ಯಾರು ಅಂತ ಕೇಳಿದಾಗ ನಾನು ಕೈ ಎತ್ತಿದೆ, ಕ್ಲಾಸಿನಲ್ಲಿ ಸಿಕ್ಕಿಬಿದ್ದವಳ ಹಾಗೆ. ಗಂಡನನ್ನು ಬಿಟ್ಟುಕೊಡೋಕೆ ಮನಸ್ಸು ಬರಲಿಲ್ಲ, ಯಂತ್ರ ಕೆಟ್ಟಿತ್ತು ಅಂದೆ. ಮಂಚದ ಮೇಲಿಂದ, ಮೂಗಿಗೆ ಆಮ್ಲಜನಕದ ನಳಿಕೆ ಹಾಕಿಸಿಕೊಂಡಿದ್ದವರು, ಯಂತ್ರ ಕೆಟ್ಟಿರಲಿಲ್ಲ ಡಾಕ್ಟ್ರೇ, ನಾನೇ ತಿರುಗಿಸಿದ್ದು ಅಂದುಬಿಟ್ಟರು. ಯಂತ್ರದ ಮೇಲೆ ಅಪವಾದ ಬರಬಾರದಲ್ಲ. ಇನ್ನು ಎರಡು ಮೂರು ದಿನ ಬಿಟ್ಟಿದ್ದರೆ ನೀವು ಇಲ್ಲಿಗೆ ಬರೋ ಅಗತ್ಯವೇ ಇರುತ್ತಿರಲಿಲ್ಲ ಅಂತ ಡಾಕ್ಟರಮ್ಮ ಅವರಿಗೆ ಹೇಳಿದರು. ನಾನು ಆಗ ಅತ್ತೆ.

ಹನ್ನೊಂದು ದಿನ ಬೇಕಾಯಿತು ಆ ನೀರು ತೆಗೆಯೋಕೆ. ಮೂವತ್ತಿದ್ದ ಶಕ್ತಿ ಇಪ್ಪತ್ತೈದಕ್ಕೆ ಇಳಿದಿತ್ತು. ತಮ್ಮ ಈ ಸಲ ಎಷ್ಟಕ್ಕೆ ಅಂತ ಕೇಳಲಿಲ್ಲ. ಅಂಗಡಿಯ ಇನ್ನರ್ಧದಲ್ಲೂ ಕಾಲು ಭಾಗ ಮೊಬೈಲ್ ಕವರ್‌ನವನಿಗೆ ಹೋಯಿತು, ಈಗ ನಾನು ಗಲ್ಲಾದ ಹಿಂದೆ ಅಡ್ಡಡ್ಡ ನಿಲ್ಲಬೇಕು.

ಮನೆಗೆ ಬಂದ ದಿನವೇ ಯಂತ್ರ ನಾನು ಬಿಚ್ಚಿದೆ. ನಲವತ್ತೊಂದು ವರ್ಷ ಪಕ್ಕದಲ್ಲಿ ನಿಂತು ನೋಡಿದವಳಿಗೆ ಒಂದು ಸ್ಕ್ರೂ ತಿರುಗಿಸೋಕೆ ಬರಲ್ವಾ. ಬಟ್ಟು ಇಟ್ಟು ಇಪ್ಪತ್ತಕ್ಕೆ ನಿಲ್ಲಿಸಿ, ಸ್ಕ್ರೂ ಮೇಲೆ ತಂತಿ ಸುತ್ತಿ ಸೀಸದ ಮೊಹರು ಒತ್ತಿದೆ. ದಿನಾ ಬೆಳಗ್ಗೆ ಈಗ ಅದರ ಮೇಲೂ ಬಟ್ಟು ಕೂರುತ್ತದೆ. ಸೊಂಟ ಹೋದರೆ ಹೋಗಲಿ.

ಬೀದಿಯವರು ಒಂದು ವಾರ ಕಾದು ಬಂದರು. ಒಬ್ಬೊಬ್ಬರೂ ಹತ್ತಿ ಇಳಿದರು. ಎಲ್ಲರೂ ಒಂದೇ ಏಟಿಗೆ ಐದಾರು ಕಿಲೋ ಏರಿದ್ದರು. ಟೈಲರ್ ಎಷ್ಟು ಬಡಬಡಿಸಿದ್ದರೂ ಯಾರೂ ಅದನ್ನು ಕಿವಿಗೆ ಹಾಕಿಕೊಂಡಿರಲಿಲ್ಲ. ಪಾಪ, ಕಾಯಿಲೆ ಬಂದ ಮೇಲೆ ಇವರ ಕೈಚಳಕ ಹೋಯಿತು, ಎಷ್ಟು ಚೆನ್ನಾಗಿದ್ದ ಯಂತ್ರ ಹಾಳು ಮಾಡಿಕೊಂಡರು ಅಂತ ಟೀಚರಮ್ಮ ನನಗೇ ಸಂತಾಪ ಹೇಳಿದರು. ವ್ಯಾಯಾಮದವಳು ಮೆತ್ತಗೆ ಬೆಂಚಿನ ಹತ್ತಿರ ಹೋಗಿ, ಕ್ಲಾಸಿಗೆ ಅಂತ ಒಂದು ಯಂತ್ರ ಬೇಕಿತ್ತು, ಮೊದಲಿದ್ದ ಹಾಗೆ ಮಾಡಿಕೊಡ್ತೀರಾ, ಒಂದು ತಿಂಗಳ ಮಟ್ಟಿಗೆ ಸಾಕು ಅಂದಳು. ನಮ್ಮನೆಯವರು ನಕ್ಕು ನಕ್ಕು ಕೆಮ್ಮು ಬಂದು, ಕೊನೆಗೆ ನಾನೇ ಅವಳನ್ನು ಮೂರು ಮೆಟ್ಟಿಲು ಇಳಿಸಬೇಕಾಯಿತು.

ನಮ್ಮಿಬ್ಬರ ನಡುವೆ ಈಗ ಒಂದು ಒಪ್ಪಂದ. ಮುಳ್ಳು ಅವರೇ ನೋಡಿ ಹೇಳಬೇಕು. ನಾನು ಡೈರಿ ಹಿಡಿದು ಗೋಡೆಗೆ ಮುಖ ಮಾಡಿ ನಿಲ್ಲುತ್ತೇನೆ, ನನ್ನ ಮುಖದ ಗೊಡವೆ ಅವರಿಗೆ ಬೇಡ. ಮೊದಲ ತಿಂಗಳು ಸಲೀಸಾಗಿ ಹೋಯಿತು. ಅರವತ್ತೈದು, ಅರವತ್ತೈದು, ಅರವತ್ತೈದೂ ಕಾಲು. ಗೋಡೆಯ ಆ ಜಾಗದಲ್ಲಿ ಸುಣ್ಣ ಎದ್ದಿರೋದು ನನಗೆ ಬಾಯಿಪಾಠ ಆಗಿದೆ.

ಇವತ್ತು ಬೆಳಗ್ಗೆ ಅವರು ಹತ್ತಿದರು. ಸ್ಪ್ರಿಂಗಿನ ಸದ್ದು ಕೇಳಿಸಿತು. ಆಮೇಲೆ ಏನೂ ಕೇಳಿಸಲಿಲ್ಲ. ಪೆನ್ನು ಹಿಡಿದು ಕಾದೆ. ಮೊಹರು ಇದೆ, ಬಟ್ಟು ಇಟ್ಟು ನೋಡಿದ್ದೇನೆ, ಆದರೆ ಬಾಯಿಗೆ ಮೊಹರು ಒತ್ತೋಕಾಗಲ್ಲವಲ್ಲ. ಅರವತ್ತೈದು ಅಂದರೆ ನಾನು ಅದನ್ನೇ ಬರೆಯುತ್ತೇನೆ.

"ಅರವತ್ತೇಳು," ಅಂದರು.

ಪೆನ್ನು ನಿಂತಿತು. ಒಪ್ಪಂದ ಮರೆತು ತಿರುಗಿದೆ. ಅವರು ಇನ್ನೂ ಯಂತ್ರದ ಮೇಲೇ ನಿಂತಿದ್ದರು, ಮುಳ್ಳು ನೋಡುತ್ತಿರಲಿಲ್ಲ, ನನ್ನ ಮುಖವನ್ನೇ ನೆಟ್ಟ ನೋಟದಿಂದ ನೋಡುತ್ತಿದ್ದರು. ಕಣ್ಣು ತೆಗೆಯಲಿಲ್ಲ.

"ಹೇಗಿದೆ ಮುಖ?" ಅಂದೆ.

"ನೋಡೋ ಹಾಗಿಲ್ಲ," ಅಂದರು. "ಫೋನ್ ಮಾಡು."

ನಾನು ಡೈರಿಯಲ್ಲಿ ಅರವತ್ತೇಳು ಅಂತ ಬರೆದು, ಫೋನ್ ತಗೊಂಡೆ.